ಪೀಠದಿಂದ ಇಳಿದು ಬಾ, ಲಿನ್‌ವುಡ್

ನನ್ನ ಜೀವದ ಲಿನ್‌ವುಡ್,

ನೀನು ಹೊರಗೆ ಜಗಲಿಯಲ್ಲಿ ಪತ್ರಿಕೆ ಹಿಡಿದು ಕೂತಿದ್ದೀಯ, ನಾನು ಅಡುಗೆಮನೆಯಲ್ಲಿ ಕೂತು ಇದನ್ನು ಬರೆಯುತ್ತಿದ್ದೇನೆ. ಒಂದೇ ಸೂರಿನಡಿ ಇರುವ ಗಂಡನಿಗೆ ಕಾಗದ ಬರೆಯುವ ಹೆಂಗಸಿಗೆ ತಲೆ ಕೆಟ್ಟಿದೆ ಎಂದು ನೀನು ನಗಬಹುದು. ಏನು ಮಾಡಲಿ, ಬಾಯಿಮಾತಿನಲ್ಲಿ ನಿನ್ನನ್ನು ಗೆದ್ದವರು ಈ ಸೀಮೆಯಲ್ಲೇ ಇಲ್ಲ. ಮೇಲ್ಮನವಿಯಲ್ಲಿ ಬರೆದುಕೊಟ್ಟದ್ದೇ ಊಟ, ವಾದ ಬರೀ ಉಪ್ಪಿನಕಾಯಿ ಎಂದು ನೀನೇ ಹೇಳುತ್ತಿದ್ದೆ. ಅದಕ್ಕೇ ಬರೆದುಕೊಡುತ್ತಿದ್ದೇನೆ. ನನಗೆ ನಾಚಿಕೆಯಾಗಿದೆ, ಲಿನ್‌ವುಡ್. ಮಂಗಳವಾರದಿಂದ ಕನ್ನಡಿ ಮುಂದೆ ನಿಂತು ತಲೆ ಬಾಚಿಕೊಳ್ಳುವುದಕ್ಕೂ ಆಗುತ್ತಿಲ್ಲ.

ಕಡಲೆಕಾಯಿ ಬೆಳೆಯುವವನ ಮಗ ನೀನು. ಹೊಲದ ಗಡಿ, ಉಯಿಲು, ಕದ್ದ ಹಂದಿ ಎಂದು ಊರ ವ್ಯಾಜ್ಯಗಳಲ್ಲಿ ಮುಳುಗಿದ್ದವನನ್ನು ದೇಶದ ಅಧ್ಯಕ್ಷರು ಮೊದಲು ಫೆಡರಲ್ ಜಿಲ್ಲಾ ನ್ಯಾಯಾಲಯಕ್ಕೆ, ಆಮೇಲೆ ಮೇಲ್ಮನವಿ ನ್ಯಾಯಾಲಯಕ್ಕೆ ನೇಮಿಸಿದರು, ಸೆನೆಟ್ ಒಪ್ಪಿತು. ಬದುಕಿರುವವರೆಗೂ ಕೆಲಸ, ತಾನಾಗಿ ಬಿಟ್ಟರಷ್ಟೇ ಮುಗಿಯುತ್ತದೆ. ಊರಿನ ಈಜುಕೊಳಕ್ಕೆ ಕಪ್ಪು ಮಕ್ಕಳನ್ನೂ ಬಿಡಬೇಕೆಂದು ನೀನು ತೀರ್ಪು ಕೊಟ್ಟ ವಾರ ಚರ್ಚಿನಲ್ಲಿ ನಮ್ಮ ಬೆಂಚಿನ ತುಂಬ ನಾವಿಬ್ಬರೇ. ಪಕ್ಕದಲ್ಲಿ ಯಾರೂ ಬಂದು ಕೂರಲಿಲ್ಲ. ನನಗೆ ಅವತ್ತು ಎಷ್ಟು ಹೆಮ್ಮೆಯಾಗಿತ್ತು ಎಂದು ನಿನಗೆ ಯಾವತ್ತೂ ಹೇಳಲಿಲ್ಲ. ಆ ಹೆಮ್ಮೆ ನಿಧಾನವಾಗಿ ಕೊಬ್ಬಾಯಿತು. ಜಡ್ಜ್ ಹೆಂಡತಿ ಅನ್ನಿಸಿಕೊಳ್ಳುವ ರುಚಿ ನಿನಗಿಂತ ನನಗೇ ಜಾಸ್ತಿ ಹತ್ತಿತು.

ನಿನ್ನ ಹಿರಿಯ ಸಹೋದ್ಯೋಗಿ ವಿಟ್‌ಲಾಕ್ ಪೀಠದ ಮೇಲೆಯೇ ತೂಕಡಿಸಲು ಶುರುಮಾಡಿದ್ದ ಕಾಲ ನೆನಪಿದೆಯೇ? ನೀನು ಮನೆಗೆ ಬಂದವನು ಟೋಪಿ ಕೂಡ ತೆಗೆಯದೆ ನನ್ನ ಮುಂದೆ ನಿಂತೆ. "ನನಗೆ ಹಾಗಾದ ದಿನ ನೀನೇ ಹೇಳ್ಬೇಕು ಆಗಸ್ಟಾ. ಆ ಕಟ್ಟಡದಲ್ಲಿ ಯಾರೂ ಹೇಳಲ್ಲ. ಅಲ್ಲಿ ಎಲ್ಲಾರೂ ನನ್ನ ಕಂಡ್ರೆ ಎದ್ದು ನಿಲ್ಲೋರೇ" ಎಂದೆ. ನಾನು ಹೂಂ ಎಂದೆ.

ಆ ದಿನ ಬಂದು ಬಹಳ ಕಾಲವಾಗಿತ್ತು. ನಾನು ಕಂಡೂ ಕಾಣದ ಹಾಗೆ ಇದ್ದೆ. ಕಾರಿನ ಕೀಲಿ ಸಕ್ಕರೆ ಡಬ್ಬಿಯಲ್ಲಿ ಸಿಕ್ಕಾಗ ಇಬ್ಬರೂ ನಕ್ಕೆವು.

ಮಂಗಳವಾರ ನಿನ್ನ ಸೆಕ್ರೆಟರಿ ವೆರ್ನಾ ಒಂದು ಸಲ ಬಂದು ನೋಡು ಎಂದು ಗೋಗರೆದಳೆಂದು ನಾನು ಕೋರ್ಟಿಗೆ ಬಂದು ಹಿಂದಿನ ಸಾಲಿನಲ್ಲಿ ಕೂತೆ. ಎಲ್ರಾಯ್ ಗ್ಯಾಸ್ಕಿನ್ಸ್ ಎಂಬವನ ಮೇಲ್ಮನವಿ. ಅಂಚೆ ಕಚೇರಿ ದರೋಡೆ, ಹತ್ತೊಂಬತ್ತು ವರ್ಷದ ಶಿಕ್ಷೆ, ಮಾಡಿದ್ದು ತಾನಲ್ಲ ಎನ್ನುತ್ತಾನೆ. ಅವನ ವಕೀಲೆಗೆ ಇದ್ದದ್ದು ಹದಿನೈದು ನಿಮಿಷ. ಸಾಕ್ಷಿ ಎಷ್ಟು ದೂರದಲ್ಲಿ ನಿಂತಿದ್ದ ಎಂದು ನೀನು ಕೇಳಿದೆ, ಅವಳು ಹೇಳಿದಳು. ಸ್ವಲ್ಪ ಹೊತ್ತಿಗೆ ಅದನ್ನೇ ಕೇಳಿದೆ. ಅವಳು ಹೊಸದಾಗಿ ಕೇಳಿದ ಹಾಗೆ, ಅಷ್ಟೇ ವಿನಯದಿಂದ ಮೊದಲಿಂದ ಹೇಳಿದಳು. ಮೂರನೇ ಸಲವೂ ಕೇಳಿದೆ. ಪಕ್ಕದ ಇಬ್ಬರು ಜಡ್ಜುಗಳು ಕಾಗದದಿಂದ ತಲೆ ಎತ್ತಲಿಲ್ಲ. ಅವಳು ಉತ್ತರ ಮುಗಿಸುವಷ್ಟರಲ್ಲಿ ಹೊತ್ತು ಮುಗಿಯಿತೆನ್ನುವ ಕೆಂಪು ದೀಪ ಹತ್ತಿತು. ಎರಡನೇ ಅಂಶಕ್ಕೆ ಅವಳು ಬರಲೇ ಇಲ್ಲ. ಮರ್ಯಾದೆ ಇಷ್ಟು ಕ್ರೂರವಾಗಿರಬಹುದೆಂದು ನನಗೆ ಗೊತ್ತಿರಲಿಲ್ಲ.

ನನ್ನ ಪಕ್ಕದಲ್ಲಿ ಕೂತಿದ್ದವಳು ಎಲ್ರಾಯ್‌ನ ಅಕ್ಕ. ನಾನು ಯಾರೆಂದು ಅವಳಿಗೆ ಗೊತ್ತಿರಲಿಲ್ಲ. ನನ್ನ ತೋಳು ಹಿಡಿದು ಪಿಸುಗುಟ್ಟಿದಳು: "ಆ ವಯಸ್ಸಾದ ಜಡ್ಜ್ ನಮ್ಮ ಕಡೆಗಿದಾರೆ ಅಮ್ಮ. ಉಳಿದವ್ರಿಗೆ ಬೇಕಾಗೇ ಇರ್ಲಿಲ್ಲ. ಅವ್ರು ನೋಡಿ, ಬಿಡದೆ ಮೂರು ಸಲ ಕೇಳಿದ್ರು."

ನಾನು ಹೌದಮ್ಮ ಎಂದೆ. ಒಳ್ಳೆಯ ಮನುಷ್ಯ ಎಂದೂ ಸೇರಿಸಿದೆ. ಅವಳು ಚೀಲದಿಂದ ಒಂದು ಪೆಪ್ಪರ್‌ಮೆಂಟ್ ತೆಗೆದು ಕೊಟ್ಟಳು. ನಾನು ಅದನ್ನೂ ತಿಂದೆ, ಲಿನ್‌ವುಡ್.

ಇಷ್ಟಕ್ಕೇ ಮುಗಿದಿದ್ದರೆ ಬಾಯಿ ಮುಚ್ಚಿಕೊಂಡೇ ಇರುತ್ತಿದ್ದೆನೋ ಏನೋ. ಗುರುವಾರ ವೆರ್ನಾ ಮನೆಗೆ ಬಂದಳು. ಉಳಿದಿಬ್ಬರು ಜಡ್ಜುಗಳು ಒಬ್ಬೊಬ್ಬರು ಒಂದೊಂದು ಕಡೆ, ನಿನ್ನ ಮತವೇ ಕಡೆಯ ಮಾತು. ನೀನು ಮಂಗಳವಾರ ಶಿಕ್ಷೆ ಇರಲಿ ಎಂದಿದ್ದೆಯಂತೆ, ಗುರುವಾರ ಹೊಸ ವಿಚಾರಣೆ ಆಗಲಿ ಎಂದೆಯಂತೆ. ಎರಡು ಸಲವೂ ಅಷ್ಟೇ ಖಚಿತವಾಗಿ. ಅವಳು ದನಿ ತಗ್ಗಿಸಿ ಕೇಳಿದಳು: "ಮನೇಲಿ ಏನಾದ್ರೂ ಅಂದ್ರಾ ಆಗಸ್ಟಾ? ಯಾವ್ದು ಅವರ ನಿಜವಾದ ಮಾತು?"

ಮನೆಯಲ್ಲಿ ನೀನು ಅಂದದ್ದು ಹ್ಯಾಮ್ ಉಪ್ಪಾಗಿದೆ ಎಂದಷ್ಟೇ. ನಾನು ಬಿಸ್ಕೆಟ್ ಹಿಟ್ಟು ಕಲಸುತ್ತಿದ್ದೆ. ತಲೆ ಎತ್ತದೆ, ಹೊಸ ವಿಚಾರಣೆ ಅಂತಲೇ ಅಂದ್ರು ಎಂದೆ.

ನಿನ್ನನ್ನು ಅಧ್ಯಕ್ಷರು ನೇಮಿಸಿದರು. ನನ್ನನ್ನು ಯಾರು ನೇಮಿಸಿದರು? ಒಂದು ಪೆಪ್ಪರ್‌ಮೆಂಟಿನ ಋಣಕ್ಕೆ, ಹಿಟ್ಟಿನ ಕೈಯಲ್ಲಿ ಒಬ್ಬ ಮನುಷ್ಯನ ಮೊಕದ್ದಮೆ ತೀರ್ಮಾನಿಸಿಬಿಟ್ಟೆ. ಆ ಹೆಣ್ಣುಮಗಳಿಗೆ ಒಳ್ಳೆಯದು ಮಾಡಿದೆ ಎಂದು ಅರ್ಧ ದಿನ ಸಮಾಧಾನವೂ ಆಗಿತ್ತು. ಆಮೇಲೆ ಯೋಚಿಸುತ್ತಾ ಕೂತೆ. ಅವನು ಕದ್ದನೋ ಇಲ್ಲವೋ ನನಗೇನು ಗೊತ್ತು? ಅವಳ ಬದಲು ಕಂತ್ರಿ ಮಾತಿನವಳೊಬ್ಬಳು ನನ್ನ ಪಕ್ಕ ಕೂತಿದ್ದರೆ ಅವನು ಜೈಲಿನಲ್ಲೇ ಇರಬೇಕಿತ್ತೇ? ನಿನ್ನ ಮಾನ ಕಾಯುತ್ತಿದ್ದೇನೆ ಎಂದುಕೊಂಡಿದ್ದೆ. ನಾನು ಕಾಯುತ್ತಿದ್ದದ್ದು ನಿನ್ನ ಕುರ್ಚಿಯನ್ನು, ಅದರ ಪಕ್ಕದ ನನ್ನ ಜಾಗವನ್ನು.

ಇವತ್ತು ಬೆಳಿಗ್ಗೆ ವೆರ್ನಾಗೆ ಫೋನ್ ಮಾಡಿ ನಾನು ಹೇಳಿದ್ದು ಸುಳ್ಳು ಎಂದೆ. ಅವಳು ಅತ್ತಳು. ತೀರ್ಪು ಇನ್ನೂ ಹೊರಬಿದ್ದಿಲ್ಲ. ನಾಳೆ ನೀನು ಮುಖ್ಯ ನ್ಯಾಯಾಧೀಶೆ ಯುಡೋರಾ ಪೆಲ್‌ಗೆ ಹೇಳಬೇಕು: ನಿನ್ನ ಜಾಗದಲ್ಲಿ ಇನ್ನೊಬ್ಬರು ಕೂತು ಎಲ್ರಾಯ್‌ನ ಮೇಲ್ಮನವಿಯನ್ನು ಮೊದಲಿಂದ ಕೇಳಲಿ, ಆ ವಕೀಲೆಗೆ ಅವಳ ಹದಿನೈದು ನಿಮಿಷ ವಾಪಸು ಸಿಗಲಿ. ಆಮೇಲೆ ಕೆಲಸ ಬಿಡುತ್ತೇನೆಂದು ಅಧ್ಯಕ್ಷರಿಗೆ ಬರೆ. ನೀನು ಹೇಳದಿದ್ದರೆ ನಾನೇ ಹೋಗಿ ಹೇಳುತ್ತೇನೆ. ಹೆದರಿಸುತ್ತಿಲ್ಲ, ಅವತ್ತು ನಿನಗೆ ಹೂಂ ಎಂದಿದ್ದೆನಲ್ಲ, ಅದಕ್ಕೆ. ಇದನ್ನು ಓದುವಾಗ ಮಂಗಳವಾರ ನಿನಗೆ ನೆನಪಾಗದಿರಬಹುದು. ನೆನಪಾಗದಿದ್ದರೆ ನನ್ನನ್ನು ನಂಬು, ನನ್ನ ಮೇಲಿನ ನಂಬಿಕೆ ಹೋಗುವಂಥದ್ದನ್ನೂ ಮುಚ್ಚಿಡದೆ ಇದರಲ್ಲೇ ಬರೆದಿದ್ದೇನೆ.

ವಾದ ಮುಗಿದ ಮೇಲೆ ಜಡ್ಜುಗಳು ಪೀಠದಿಂದ ಇಳಿದು ಬಂದು ವಕೀಲರ ಕೈಕುಲುಕುವುದು ನಿಮ್ಮ ಕೋರ್ಟಿನ ಪದ್ಧತಿ. ನಿನ್ನ ಕೆಲಸದಲ್ಲಿ ನಿನಗೆ ಇಷ್ಟವಾದ ಹೊತ್ತೆಂದರೆ ಅದೊಂದೇ, ಮೇಲೆ ಕೂತವನು ಇಳಿದಾಗಲೇ ಮನುಷ್ಯ ಅನ್ನಿಸುತ್ತದೆ ಎನ್ನುತ್ತಿದ್ದೆ. ಮಂಗಳವಾರವೂ ನೀನು ಕಂಬಿ ಹಿಡಿದುಕೊಂಡು ಇಳಿದೆ. ಎರಡು ಕೈಗಳಲ್ಲೂ ಆ ವಕೀಲೆಯ ಕೈ ಹಿಡಿದು ಚೆನ್ನಾಗಿ ವಾದಿಸಿದಿರಿ ಎಂದೆ. ಅವಳ ಕಣ್ಣು ತುಂಬಿತ್ತು.

ಇನ್ನೊಂದು ಸಲ ಇಳಿದು ಬಾ. ಮೆಟ್ಟಿಲ ಕೆಳಗೆ ನಾನು ಕೈ ಚಾಚಿ ನಿಂತಿರುತ್ತೇನೆ. ನನ್ನ ಕೈಯೂ ಅಂಥ ಚೊಕ್ಕಟವಾಗಿಲ್ಲ, ಆದರೂ ಹಿಡಿದುಕೋ.

ದೇವರು ನಾಳೆ ಒಂದು ದಿನದ ಮಟ್ಟಿಗಾದರೂ ನಿನಗೆ ತಿಳಿಯಾದ ತಲೆ ಕೊಡಲಿ. ಆಮೇಲಿನ ದಿನಗಳನ್ನು ನಾನು ನೋಡಿಕೊಳ್ಳುತ್ತೇನೆ.

ನಿನಗೆ ಕೊಟ್ಟ ಮಾತು ಉಳಿಸಿಕೊಳ್ಳಲು ತಡಮಾಡಿದ,
ಆಗಸ್ಟಾ