ಮೊದಲ ದಿನದ ಮಾತು

ಗುಬ್ಬಿಹಳ್ಳದ ಹಟ್ಟಿ,
ಎಮ್ಮೆದೊಡ್ಡಿ ಕಾವಲು, ಕಡೂರು ತಾಲ್ಲೂಕು
೪-೮-೨೦೨೫

ನನ್ನ ತಮ್ಮನ ಮಗಳು ಮಾಲಿನಿಗೆ,

ಅತ್ತೆಯ ಆಶೀರ್ವಾದ ನಿನಗೆ ಯಾವಾಗಲೂ ಇರುವಂಥದ್ದೇ. ಈ ಸಲ ಅದರ ಜೊತೆಗೆ ಒಂದಿಷ್ಟು ಅನುಮಾನವನ್ನೂ ಕಳಿಸುತ್ತಿದ್ದೇನೆ. ನೀನು ಮೈಸೂರಿನಿಂದ ನಾಲ್ಕು ಸಲ ಫೋನ್ ಮಾಡಿದೆ. ಹಟ್ಟಿಯಲ್ಲಿ ಸಿಗ್ನಲ್ ಇರಲಿಲ್ಲ ಎಂದು ನಿಮ್ಮಪ್ಪನ ಹತ್ತಿರ ಹೇಳಿಸಿದ್ದೆ. ಸಿಗ್ನಲ್ ಇತ್ತು. ಫೋನು ನನ್ನ ಮಡಿಲಲ್ಲೇ ಕೂಗಿಕೊಳ್ಳುತ್ತಿತ್ತು, ನಾನು ಬೇಕೆಂದೇ ಎತ್ತಲಿಲ್ಲ. ಬಾಯಲ್ಲಿ ಕೇಳಿದರೆ ಬೈಗುಳ ಬರುತ್ತದೆ, ಬರೆದರೆ ಸ್ವಲ್ಪ ತಡೆದುಕೊಳ್ಳಬಹುದು ಅಂತ ಈ ಕಾಗದ.

ಮೊದಲು ಒಂದೇ ಒಂದು ಪ್ರಶ್ನೆ. ನೀನು ಪಿಎಚ್.ಡಿ. ಪ್ರಬಂಧಕ್ಕೆಂದು ನಮ್ಮ ಹಟ್ಟಿಯ ಮೇಲೆ ಬರೆದ ಅಧ್ಯಾಯ ಆ ರಘುನಾಥನ ಕೈಗೆ ಹೇಗೆ ಬಂತು?

ಯಾವ ರಘುನಾಥ ಎಂದು ಕೇಳಬೇಡ, ಕೇಳಿದರೆ ನನಗೆ ಇನ್ನೊಂದು ಅನುಮಾನ ಹುಟ್ಟುತ್ತದೆ. ಆದರೂ ಹೇಳುತ್ತೇನೆ. ನಮ್ಮ ಹಟ್ಟಿಯ ಇಪ್ಪತ್ತಾರು ಮನೆಯವರು ಕಾವಲಿನ ಹಕ್ಕಿಗೆ ಅರ್ಜಿ ಹಾಕಿದ್ದೇವಲ್ಲ, ಅದನ್ನು ವಿಚಾರಿಸುವ ಸಮಿತಿಗೆ ವರದಿ ಬರೆದುಕೊಡುವವನು ಅವನು. ಇದೇ ತಿಂಗಳ ಇಪ್ಪತ್ತೈದಕ್ಕೆ ಕಡೂರಿನಲ್ಲಿ ವಿಚಾರಣೆ. ಮೂರು ತಲೆಮಾರಿನಿಂದ, ಅಂದರೆ ೧೯೩೦ಕ್ಕೂ ಮೊದಲಿನಿಂದ, ಇಲ್ಲೇ ಇದ್ದೇವೆ ಎಂದು ತೋರಿಸಿದರೆ ಮನೆಗಳು, ಹುಲ್ಲುಗಾವಲು, ಹಳ್ಳದ ನೀರು ನಮ್ಮದಾಗಿ ಉಳಿಯುತ್ತವೆ. ತೋರಿಸಲಾಗದಿದ್ದರೆ ಹಟ್ಟಿಯನ್ನು ಎಬ್ಬಿಸುತ್ತಾರೆ. ಇದಿಷ್ಟೂ ನಿನಗೆ ಗೊತ್ತು. ಗೊತ್ತಿದ್ದೂ ಹೀಗೆ ಮಾಡಿದೆಯಾ ಎಂಬುದೇ ನನ್ನ ಸಂಕಟ.

ಮೊನ್ನೆ ಗುರುವಾರ ಎರಡನೆಯ ಸಲ ಬಂದ. ಕೂರಿಸಿ ಮಜ್ಜಿಗೆ ಕೊಟ್ಟೆ. ಒಂದೇ ಗುಟುಕಿಗೆ ಕುಡಿದು, ಇಂಥ ಮಜ್ಜಿಗೆ ಪೇಟೆಯಲ್ಲಿ ಸಿಗುವುದಿಲ್ಲ ಎಂದು ಹೊಗಳಿದ. ಅದು ಹುಳಿ ಬಂದ ಮಜ್ಜಿಗೆ, ಕರುವಿಗೆ ಹಾಕಲು ಎತ್ತಿಟ್ಟದ್ದು. ಹುಳಿ ಮಜ್ಜಿಗೆಯನ್ನು ಹೊಗಳುವವನನ್ನು ಹೇಗೆ ನಂಬುವುದು ನೀನೇ ಹೇಳು. ಆಮೇಲೆ ಬ್ಯಾಗಿನಿಂದ ಜೆರಾಕ್ಸ್ ಹಾಳೆಗಳನ್ನು ತೆಗೆದ. ಹದಿನೇಳನೆಯ ಪುಟದಲ್ಲಿ ಹಳದಿ ಬಣ್ಣ ಬಳಿದಿದ್ದ.

"ಅಮ್ಮಾ, ಇದು ನಿಮ್ಮನೆ ಹುಡುಗೀನೇ ಬರ್ದಿರೋದು. ನಾನು ಒಂದಕ್ಷರಾನೂ ಸೇರ್ಸಿಲ್ಲ" ಅಂದ.

ಹಟ್ಟಿಯ ಯಜಮಾನ ಸಿದ್ದಪ್ಪ ಪಕ್ಕದಲ್ಲೇ ಇದ್ದ. "ಓದಪ್ಪಾ, ನಮ್ ಹುಡುಗಿ ಏನ್ ಬರ್ದೈತೆ ಕೇಳಾನ" ಅಂತ ಹೆಮ್ಮೆಯಿಂದಲೇ ಹೇಳಿದ.

ಅವನು ಓದಿದ. ಸಾವಿರದ ಎಂಟುನೂರ ತೊಂಬತ್ತೇಳರಲ್ಲಿ ಒಬ್ಬ ಬಿಳಿ ದೊರೆ ಕುದುರೆ ಏರಿ ನಮ್ಮ ಹಟ್ಟಿಗೆ ಬಂದನಂತೆ. ತನ್ನ ವರದಿಯಲ್ಲಿ ಬರೆದನಂತೆ: "ಇವರಿಗೆ ನೆಲೆಯಿಲ್ಲ. ತಾವು ಇಲ್ಲಿಯವರಲ್ಲವೆಂದು ಇವರೇ ಹೇಳುತ್ತಾರೆ. ದನದ ಹಿಂದೆ ಬಂದವರು, ದನದ ಹಿಂದೆ ಹೋಗುವವರು." ಅದರ ಕೆಳಗೆ ನಿನ್ನ ಮಾತು. ಈ ಜನ ಅಲೆಮಾರಿಗಳಾಗಿದ್ದರು, ಇಲ್ಲಿ ನೆಲೆ ನಿಂತದ್ದು ೧೯೫೦ರ ನಂತರವೇ ಎಂದು. ಅದಕ್ಕೂ ಕೆಳಗೆ, ಹಟ್ಟಿಯ ಹಿರಿಯ ಮಹಿಳೆಯೊಬ್ಬರು, ವಯಸ್ಸು ಎಪ್ಪತ್ತೆರಡು, ಇದನ್ನೇ ಖಚಿತಪಡಿಸುತ್ತಾರೆ ಎಂದು.

ಸಿದ್ದಪ್ಪನ ಮುಖ ಇಳಿದುಹೋಯಿತು. ರಘುನಾಥ ಹೋದ ಮೇಲೆ ನನ್ನ ಕಡೆ ತಿರುಗಿದ. "ಯಾರವ್ವ ಆ ಹಿರೇ ಮಹಿಳೆ?"

"ನಂಗೇನ್ಲಾ ಗೊತ್ತು. ಹಟ್ಟಿ ತುಂಬ ಮುದುಕೀರೇ ಅವ್ರೆ" ಅಂದೆ.

ಹಟ್ಟಿಯಲ್ಲಿ ಎಪ್ಪತ್ತು ದಾಟಿದ ಹೆಂಗಸರು ಇಬ್ಬರೇ. ಇನ್ನೊಬ್ಬಳು ಯಲ್ಲಮ್ಮ. ಅವಳಿಗೆ ಎರಡು ಕಿವಿಯೂ ಕೇಳಿಸದು.

ಅವತ್ತಿನಿಂದ ನಿನ್ನನ್ನು ಅನುಮಾನಿಸುತ್ತ ಕೂತೆ. ಈ ಅಧ್ಯಾಯವನ್ನು ತರೀಕೆರೆಯ ವಿಚಾರ ಸಂಕಿರಣದಲ್ಲಿ ಓದಿದೆ ಎಂದಿದ್ದೆಯಲ್ಲ, ಅಲ್ಲಿ ಮುಂದಿನ ಸಾಲಿನಲ್ಲಿ ಯಾರು ಕೂತಿದ್ದರು? ಊಟಕ್ಕೆ ಯಾರ ಪಕ್ಕ ಕೂತೆ? ಓದು ಮುಗಿದ ಮೇಲೆ ಕೆಲಸ ಕೊಡಿಸುತ್ತೇನೆ ಎಂದು ಯಾರಾದರೂ ಹೇಳಿದರಾ? ಆ ಸಂಕಿರಣದವರು ಅಚ್ಚು ಹಾಕಿಸಿದ, ನೀನು ನನಗೆ ಕಳಿಸಿದ್ದ ನಿನ್ನ ಹೆಸರಿರುವ ಪುಸ್ತಕವನ್ನು ಎತ್ತಿಕೊಂಡು, ಇನ್ನು ಇದನ್ನು ಒಲೆಗೆ ಹಾಕುತ್ತೇನೆ ಅಂತಲೇ ಕನ್ನಡಕ ಹಾಕಿಕೊಂಡೆ. ಹಾಕುವ ಮೊದಲು ಒಂದು ಸಲ ಓದೋಣ ಅಂದುಕೊಂಡವಳು ಮೂರು ಸಲ ಓದಿದೆ.

ಚೆನ್ನಾಗಿ ಬರೆದಿದ್ದೀಯ ಮಗಳೇ. ಕೋಪದಲ್ಲಿದ್ದರೂ ಹೇಳಬೇಕಾದದ್ದನ್ನು ಹೇಳುತ್ತೇನೆ. ಬಿಳಿಯರು ಜನರನ್ನು ದನದ ಹಾಗೆ ಎಣಿಸಿ, ಇವರು ಇಂಥವರು ಎಂದು ಹಣೆಯ ಮೇಲೆ ಚೀಟಿ ಅಂಟಿಸಿ ಹೋದರು. ಸ್ವಾತಂತ್ರ್ಯ ಬಂದ ಮೇಲೆ ನಮ್ಮವರು ಹೊಸ ದೇಶ ಕಟ್ಟುವಾಗ ಆ ಚೀಟಿಗಳನ್ನು ಕೀಳದೆ ಹಾಗೇ ಬಿಟ್ಟರು ಎಂದು ಬರೆದಿದ್ದೀಯಲ್ಲ, ಅದನ್ನು ಓದಿ ನಿನ್ನ ತಲೆ ಸವರಬೇಕೆನ್ನಿಸಿತು. ನಮ್ಮವರೂ ಬಂದರು ಕಣೇ, ನಾನೇ ಕಣ್ಣಾರೆ ನೋಡಿದ್ದೇನೆ. ಖಾದಿ ಅಂಗಿ ಹಾಕಿಕೊಂಡು, ಕೈ ಮುಗಿದುಕೊಂಡೇ ಬಂದರು. ಆದರೆ ದೊರೆಯ ಪುಸ್ತಕ ಓದಿಕೊಂಡು ಬಂದವರಾದ್ದರಿಂದ ನಮ್ಮನ್ನು ಕೇಳುವುದು ಅವರಿಗೆ ಏನೂ ಉಳಿದಿರಲಿಲ್ಲ. ನೀನು ಅವರನ್ನೆಲ್ಲ ಹದಿನಾರು ಪುಟ ಬೈದು, ಹದಿನೇಳನೆಯ ಪುಟದಲ್ಲಿ ಅದೇ ದೊರೆಯ ಮಾತನ್ನು ನಂಬಿಬಿಟ್ಟೆ.

ಯಾಕೆ ನಂಬಿದೆ ಎಂದು ಯೋಚಿಸಿದೆ. ನಾನು ಹೂಂ ಅಂದದ್ದಕ್ಕೆ ನಂಬಿದೆ.

ಕಳೆದ ದೀಪಾವಳಿಯಲ್ಲಿ ಬಂದೆಯಲ್ಲ, ಅದನ್ನು ನೆನಪಿಸಿಕೋ. ಯಾವಾಗಲೂ ನೀನು ಬಂದರೆ ಚಪ್ಪಲಿ ಒಂದು ಕಡೆ, ಬ್ಯಾಗು ಒಂದು ಕಡೆ ಎಸೆದು ನೇರ ಅಡುಗೆಮನೆಗೆ ನುಗ್ಗಿ ಪಾತ್ರೆಯ ಮುಚ್ಚಳ ತೆಗೆದು ನೋಡುವವಳು. ಆ ದಿನ ಹೊರಗೇ ಕುರ್ಚಿ ಹಾಕಿಸಿಕೊಂಡು ಕೂತೆ. ರೆಕಾರ್ಡರ್ ಇಟ್ಟೆ. ಒಂದು ಫಾರಂ ಕೊಟ್ಟು, ಒಪ್ಪಿಗೆಯ ಸಹಿ ಬೇಕು ಅಂದೆ. ಆಮೇಲೆ, "ತಮ್ಮ ವಯಸ್ಸು ಎಷ್ಟು?" ಅಂತ ಕೇಳಿದೆ. ತಮ್ಮ! ಹೆಗಲ ಮೇಲೆ ಹೊತ್ತು ತಿರುಗಿದವಳಿಗೆ ತಮ್ಮ! ಅಲ್ಲಿ ನನ್ನ ಸೊಸೆ ಮಾಲಿನಿ ಕಾಣಲಿಲ್ಲ. ಕಾಗದ ಹಿಡಿದು ಬಂದ ಒಬ್ಬ ಅಧಿಕಾರಿ ಕಂಡಳು. ನನ್ನ ಬಾಯಿಗೆ ಮೊದಲ ದಿನದ ಮಾತು ತಾನಾಗಿಯೇ ಬಂದುಬಿಟ್ಟಿತು.

ಮೊದಲ ದಿನದ ಮಾತು ಅಂದರೆ ಏನೆಂದು ನಿನಗೆ ಗೊತ್ತಿಲ್ಲ. ನಿಮ್ಮಪ್ಪ ಚಿಕ್ಕಂದಿನಲ್ಲೇ ಹಟ್ಟಿ ಬಿಟ್ಟು ತರೀಕೆರೆ ಸೇರಿದ, ಹೇಳಿಕೊಟ್ಟಿರಲಾರ. ಇದು ನಮ್ಮ ಹಟ್ಟಿಯ ಕಟ್ಟಳೆ. ಕಾಗದ ಹಿಡಿದವರು ಮೊದಲ ಸಲ ಬಂದರೆ, ನಾವು ಇಲ್ಲಿಯವರಲ್ಲ ಸ್ವಾಮಿ, ದನದ ಹಿಂದೆ ಬಂದೋರು, ದನದ ಹಿಂದೆ ಹೋಗೋರು ಎನ್ನಬೇಕು. ಎರಡನೆಯ ಸಲ ಬಂದರೆ ಕುಡಿಯಲು ಕೊಡಬಹುದು, ಮಾತು ಕೊಡಬಾರದು. ಮೂರನೆಯ ಸಲವೂ ಬಂದು, ನಮ್ಮ ಜೊತೆ ನೆಲದ ಮೇಲೆ ಕೂತು ಉಂಡರೆ ಆಗ ನಿಜ ಹೇಳಬಹುದು. ಯಾಕೆಂದರೆ ಆ ಕಾಲದಲ್ಲಿ, ಇಲ್ಲಿಯವನು ಎಂದು ಹೆಸರು ಬರೆಸಿದವನ ಮನೆಗೇ ಬಿಟ್ಟಿ ಕೆಲಸದ ಕರೆ ಬರುತ್ತಿತ್ತು. ಸಾಮಾನು ಹೊರಲು ಕರೆದುಕೊಂಡು ಹೋದರೆ ಗಂಡಸು ತಿಂಗಳಾದರೂ ತಿರುಗಿ ಬರುತ್ತಿರಲಿಲ್ಲ.

ಆ ದೊರೆಗೆ ಹಾಗೆ ಹೇಳಿದವನು ನನ್ನ ತಾತನ ಅಪ್ಪ, ಹೆಸರೇ ಅಜ್ಜಯ್ಯ. ದೊರೆಗೆ ಟೋಪಿ ಹಾಕಿದೆ ಅಂತ ಸಾಯುವವರೆಗೂ ಹೇಳಿಕೊಂಡು ನಗುತ್ತಿದ್ದನಂತೆ. ಪಾಪ, ದೊರೆ ಎರಡನೆಯ ಸಲ ಬರಲೇ ಇಲ್ಲ. ಒಂದು ಮಧ್ಯಾಹ್ನ ಬಂದು ಕೇಳಿದ್ದನ್ನು ಬರೆದುಕೊಂಡು ಹೋದ, ಅದೇ ಅಚ್ಚಾಯಿತು. ಅಜ್ಜಯ್ಯ ಹಾಕಿದ ಟೋಪಿ ನೂರ ಇಪ್ಪತ್ತೆಂಟು ವರ್ಷ ಸುತ್ತಿ ನಮ್ಮ ತಲೆಯ ಮೇಲೇ ಬಂದು ಕೂತಿದೆ.

ವಯಸ್ಸು ಎಪ್ಪತ್ತೆರಡು ಎಂದದ್ದೂ ಸುಳ್ಳು. ನಾನು ಹುಟ್ಟಿದ್ದು ಸ್ವಾತಂತ್ರ್ಯ ಬರುವ ಹಿಂದಿನ ವರ್ಷ, ಇದೇ ಹಟ್ಟಿಯಲ್ಲಿ. ೧೯೫೦ರ ನಂತರ ಬಂದವರು ನಾವಾದರೆ ನಾನು ಎಲ್ಲಿ ಹುಟ್ಟಿದೆ?

ಇನ್ನೂ ಒಂದನ್ನು ನಿನ್ನಿಂದ ಮುಚ್ಚಿಟ್ಟಿದ್ದೆ. ಶಾಲೆಗೆ ಹೋಗದೆ ಓದು ಹೇಗೆ ಕಲಿತೆ ಎಂದು ನೀನು ಕೇಳಿದಾಗ, ಬೆಲ್ಲ ಕಟ್ಟಿಕೊಡುವ ಪೇಪರ್ ನೋಡಿ ಎಂದಿದ್ದೆ. ಅಲ್ಲ. ನಾನು ಕಲಿತದ್ದು ಕಲ್ಲಿನ ಮೇಲೆ. ಹಟ್ಟಿಯಲ್ಲಿ ಯಾರು ತೀರಿಕೊಂಡರೂ ಒಂದು ಕಲ್ಲು ನಿಲ್ಲಿಸುತ್ತೇವೆ, ಮೇಲೆ ಏನೂ ಬರೆಸುವುದಿಲ್ಲ. ಅಜ್ಜಯ್ಯನಿಗೆ ಮಾತ್ರ ಮಕ್ಕಳು ಅಜ್ಜಂಪುರದಿಂದ ಕಲ್ಲುಕುಟಿಗನನ್ನು ಕರೆಸಿ ಹೆಸರು ಕೆತ್ತಿಸಿದರು. "ಗುಬ್ಬಿಹಳ್ಳದ ಹಟ್ಟಿ ಅಜ್ಜಯ್ಯ, ಶಕ ೧೮೪೦, ಕಾಳಯುಕ್ತಿ." ನಿನ್ನ ಲೆಕ್ಕದಲ್ಲಿ ಅದು ೧೯೧೮. ದನ ಕಾಯುತ್ತ ಆ ಅಕ್ಷರಗಳ ಮೇಲೆ ಬೆರಳಾಡಿಸಿ, ಅವುಗಳನ್ನೇ ಮಣ್ಣಿನಲ್ಲಿ ಗೀಚಿ ಕಲಿತೆ. ತನಗೆ ನೆಲೆಯಿಲ್ಲ ಎಂದು ದೊರೆಗೆ ಹೇಳಿದವನು ಊರಿನ ಹೆಸರು ಹೊತ್ತುಕೊಂಡು ಇಲ್ಲೇ ಮಲಗಿದ್ದಾನೆ.

ಅದನ್ನು ಸಮಿತಿಗೆ ಯಾಕೆ ತೋರಿಸಲಿಲ್ಲ ಎಂದು ಕೇಳುತ್ತೀಯ. ಹದಿನೈದು ವರ್ಷದ ಹಿಂದೆ ಕಾಗದ ಹಿಡಿದು ಬಂದ ಒಬ್ಬನನ್ನು ನಂಬಿ ಹಳ್ಳದ ಕೆಳಗಿನ ಏಳು ಕಲ್ಲು ತೋರಿಸಿದೆವು. ಮುಂದಿನ ಮಳೆಗಾಲಕ್ಕೆ ಅಲ್ಲಿ ಯಂತ್ರ ಬಂದು ಗುಂಡಿ ತೋಡಿ ಸಸಿ ನೆಟ್ಟಿತ್ತು. ಅವರೇ ಮಾಡಿಸಿದರೋ ಯಾರೋ, ಕೇಳಿದರೆ ನಮಗೆ ಗೊತ್ತಿಲ್ಲ ಅಂದರು. ನನ್ನ ಅಜ್ಜಿಯ ಕಲ್ಲೂ ಅದರಲ್ಲಿ ಹೋಯಿತು.

ನಿನ್ನೆ ಕಟ್ಟೆಯ ಮೇಲೆ ಸಿದ್ದಪ್ಪನ ಮುಂದೆ ಎಲ್ಲ ಒಪ್ಪಿಕೊಂಡೆ. ಆ ಹಿರಿಯ ಮಹಿಳೆ ನಾನೇ ಕಣೋ ಅಂದೆ.

"ಗೊತ್ತಿತ್ತು ಬಿಡವ್ವ. ಯಲ್ಲಮ್ಮ ಮಾತಾಡಿದ್ರೆ ಊರಿಗೆಲ್ಲ ಕೇಳ್ತಿತ್ತು" ಅಂದ.

ಅಜ್ಜಯ್ಯನ ಕಲ್ಲನ್ನು ಮಾಲಿನಿಗೆ ತೋರಿಸೋಣ, ಅವಳು ಓದಿದವಳು, ಅವಳು ಬರೆದರೆ ಸಮಿತಿ ಕೇಳುತ್ತದೆ ಅಂದೆ. ಅವನು ಒಪ್ಪಲಿಲ್ಲ. "ತೋರ್ಸಿದ್ ಕಲ್ಲು ಯಾವ್ದಾದ್ರೂ ಉಳ್ಕಂಡೈತಾ? ಆ ಹುಡುಗೀನೂ ಅವ್ರ ಕಡೇನೇ ಆಗೋಗಿದ್ರೆ ಏನ್ ಮಾಡ್ತೀಯ?"

"ಆಗಿದ್ರೆ ಕಿವಿ ಹಿಂಡೋಕೆ ನಾನಿಲ್ವಾ" ಅಂದೆ. ಧೈರ್ಯವಾಗಿಯೇ ಅಂದೆ. ಆದರೆ ನಿಜ ಹೇಳಲಾ, ಒಳಗೆ ನನಗೂ ಅದೇ ಭಯವಿತ್ತು. ಈಗಲೂ ಒಂದಿಷ್ಟು ಇದೆ. ಸಿದ್ದಪ್ಪ ಕೊನೆಗೆ ಒಂದು ಷರತ್ತು ಹಾಕಿ ಒಪ್ಪಿದ. ನೀನು ಬರಿಗೈಯಲ್ಲಿ ಬರಬೇಕು, ಮೊದಲು ಹಟ್ಟಿಯಲ್ಲಿ ಉಣ್ಣಬೇಕು, ಆಮೇಲೆ ಕಲ್ಲು. ಮೂರನೆಯ ಸಲದ ನಿಯಮ ನಿನಗೂ ತಪ್ಪದು.

ಇಪ್ಪತ್ತೈದಕ್ಕೆ ಮೊದಲು ಬಾ. ಈ ತಿಂಗಳೇ ಪ್ರಬಂಧ ಒಪ್ಪಿಸಬೇಕು, ತಡವಾದರೆ ಗೈಡು ಸಿಟ್ಟಾಗುತ್ತಾರೆ ಎಂದಿದ್ದೆ. ನಾನು ಕೇಳುತ್ತಿರುವುದು ಸಣ್ಣದಲ್ಲ ಎಂದು ಗೊತ್ತು. ಅಚ್ಚಾದ ಮಾತನ್ನು ತಪ್ಪು ಎಂದು ನೀನೇ ಬರೆಯಬೇಕು. ನಿನ್ನ ಅತ್ತೆ ಸುಳ್ಳು ಹೇಳಿದಳು, ನೀನು ನಂಬಿದೆ ಎಂದು ಬರೆಯಬೇಕು. ಅಲ್ಲಿ ಹಿರಿಯ ಮಹಿಳೆ ಎಂದು ಹಾಕಬೇಡ. ಅಂಜಿನಮ್ಮ, ವಯಸ್ಸು ಎಪ್ಪತ್ತೊಂಬತ್ತು ಎಂದು ಹಾಕು. ನಾನೂ ಕಡೂರಿಗೆ ಬಂದು ಸಮಿತಿಯ ಮುಂದೆ ನಿಂತು ಹೇಳುತ್ತೇನೆ. ಆ ರಘುನಾಥ ನಕ್ಕರೆ ನಗಲಿ.

ನಾನು ನಿನ್ನನ್ನು ಬಸ್ಸಿನ ಹತ್ತಿರವೇ ಎದುರುಗೊಳ್ಳುತ್ತೇನೆ. ಒಂದು ವೇಳೆ ಅಷ್ಟರಲ್ಲಿ ನನಗೇನಾದರೂ ಆದರೆ, ಹಟ್ಟಿಯಿಂದ ಮೂಡಲಿಗೆ ಹೋಗಿ ಒಣಗಿದ ಕಟ್ಟೆಯ ಏರಿ ದಾಟು. ಅಲ್ಲಿ ಮೂರು ಬೇಲದ ಮರಗಳಿವೆ. ಅವುಗಳ ಹಿಂದಿನ ಸಾಲಿನಲ್ಲಿ ಐದನೆಯದು ಅಜ್ಜಯ್ಯನ ಕಲ್ಲು.

ಅನುಮಾನಪಟ್ಟದ್ದಕ್ಕೆ ಕ್ಷಮಿಸು ಎಂದು ಬರೆಯಲು ಹೋದೆ, ಕೈ ಬರಲಿಲ್ಲ. ಬಂದ ಮೇಲೆ ಬಾಯಲ್ಲಿ ಹೇಳುತ್ತೇನೆ.

ನಿನ್ನನ್ನು ಹೆಗಲ ಮೇಲೆ ಹೊತ್ತ,
ಅತ್ತೆ ಅಂಜಿನಮ್ಮ

ಮರೆತ ಮಾತು: ಮೇಲೆ ಬರೆದ ದಾರಿಯಲ್ಲಿ ಹೋಗಬೇಡ. ಏರಿಯ ಆಚೆ ಬೇಲದ ಮರವೂ ಇಲ್ಲ, ಕಲ್ಲೂ ಇಲ್ಲ, ಅದೂ ಮೊದಲ ದಿನದ ಮಾತೇ. ಈ ಕಾಗದ ನಿನ್ನನ್ನು ಮುಟ್ಟುವ ಮೊದಲು ಎಷ್ಟು ಕೈ ದಾಟುತ್ತದೋ, ಯಾರು ಒಡೆದು ಓದುತ್ತಾರೋ. ನಿಜವಾದ ಜಾಗ ಹಟ್ಟಿಯವರಿಗೆ ಬಿಟ್ಟರೆ ಯಾರಿಗೂ ಗೊತ್ತಿಲ್ಲ, ಅದನ್ನು ನಿನಗೆ ತೋರಿಸುವವರೆಗೆ ನನಗೆ ಏನೂ ಆಗುವುದಿಲ್ಲ, ನೀನು ಬಾ. ಕಾಗದದ ಕೆಲಸಕ್ಕೆ ನೀನು ಬರುವುದು ಇದು ಎರಡನೆಯ ಸಲವಷ್ಟೇ, ಇನ್ನೊಂದು ಸಲ ಬಾಕಿ ಇದೆ ಎಂದು ಸಿದ್ದಪ್ಪ ತಕರಾರು ತೆಗೆದ. ಹೆರಿಗೆಗೆ ನಿಮ್ಮಮ್ಮ ಇಲ್ಲಿಗೇ ಬಂದಿದ್ದಳು, ನೀನು ಈ ಹಟ್ಟಿಯಲ್ಲಿ ಕಣ್ಣು ಬಿಟ್ಟದ್ದೇ ಮೊದಲ ಸಲ, ದೀಪಾವಳಿಯದು ಎರಡನೆಯದು, ಇದು ಮೂರನೆಯದು ಎಂದು ವಾದಿಸಿ ಗೆದ್ದಿದ್ದೇನೆ.