ಕದ್ದು ತಂದ ಮೇಣದ ಲೇಖನಿ

ಬದಿಯಡ್ಕ
೮ ಸೆಪ್ಟೆಂಬರ್ ೨೦೨೪, ಭಾನುವಾರ

ಚಿರಂಜೀವಿ ದೀಪ್ತಿಗೆ ಅಪ್ಪನ ಆಶೀರ್ವಾದ, ಮತ್ತು ಅದರ ಜೊತೆಗೊಂದು ತಪ್ಪೊಪ್ಪಿಗೆ.

ಬದಿಯಡ್ಕ ಪೇಟೆಯ ನಿವಾಸಿಯೂ, ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸಿ ನಿವೃತ್ತನಾದವನೂ, ಇದುವರೆಗೆ ಬಸ್ಸಿನ ಟಿಕೇಟನ್ನು ಕೂಡ ತಪ್ಪಿಸದವನೂ ಆದ ವೆಂಕಟಕೃಷ್ಣ ಎಂಬ ನಾನು, ಯಾರ ಬೆದರಿಕೆಗೂ ಒಳಗಾಗದೆ, ಬೆಳಗಿನ ಕಾಫಿ ಕುಡಿದ ಮೇಲಿನ ಪೂರ್ಣ ಪ್ರಜ್ಞೆಯಲ್ಲಿ ಒಪ್ಪಿಕೊಳ್ಳುವುದೇನೆಂದರೆ: ಕಳೆದ ಮೇ ತಿಂಗಳಲ್ಲಿ, ಕಡಲಾಚೆ ನೀನಿರುವ ಯೋಗ್ಯಕರ್ತ ನಗರದ ಇಬು ರತ್ನ ಅವರ ಬಾಟಿಕ್ ತರಗತಿಯಿಂದ ನಾನು ಒಂದು ಚಾಂಟಿಂಗನ್ನು ಕದ್ದಿದ್ದೇನೆ. ಹಿಡಿಯ ತುದಿಗೆ ತಾಮ್ರದ ಪುಟ್ಟ ಬಟ್ಟಲು, ಬಟ್ಟಲಿಗೆ ಸೂಜಿಯಂಥ ಮೂತಿ. ಬಿಸಿ ಮೇಣದಲ್ಲಿ ಬಟ್ಟೆಯ ಮೇಲೆ ಗೆರೆ ಎಳೆಯುವ ಆ ಲೇಖನಿಯನ್ನು ಹಲ್ಲುಜ್ಜುವ ಬ್ರಷ್ಷಿನ ಡಬ್ಬಿಯಲ್ಲಿ ಅಡಗಿಸಿ, ಬ್ರಷ್ಷನ್ನು ಕಿಸೆಯಲ್ಲಿಟ್ಟು, ಎರಡು ದೇಶದ ಕಸ್ಟಮ್ಸಿನವರ ಎದುರು ನಿಷ್ಪಾಪಿಯ ಮುಖ ಮಾಡಿ ದಾಟಿ ಬಂದೆ. ಹೆಸರು ಚಾಂಟಿಂಗ್ ಆದರೂ ಕದಿಯುವಾಗ ಯಾವ ಮಂತ್ರವನ್ನೂ ಹೇಳಲಿಲ್ಲ. ಊರಿನ ಹೆಸರೇ ಯೋಗ್ಯಕರ್ತ. ಹೋದ ಕರ್ತನೊಬ್ಬ ಮಾತ್ರ ಅಯೋಗ್ಯ.

ಪತ್ರ ತಡವಾದದ್ದು ಎರಡನೆಯ ಅಪರಾಧ. ಅಲ್ಲಿಯ ವಿಮಾನ ನಿಲ್ದಾಣದಲ್ಲಿ ನೀನು, "ಅಪ್ಪಾ, ನಾನು ವಿಸ್ನುವನ್ನು ಮದುವೆ ಆಗ್ಬೇಕೂಂತ ಇದ್ದೇನೆ. ನೀವು ಎಂತ ಹೇಳ್ತೀರಿ?" ಎಂದು ಕೇಳಿದಾಗ ನಾನು ಟ್ರಾಲಿಯ ಚಕ್ರದ ಬಗ್ಗೆ ಒಂದು ಜೋಕು ಹೇಳಿದೆ. ನೀನು ನಗಲಿಲ್ಲ. "ಫೋನಿನಲ್ಲಿ ಬೇಡ, ಫೋನಿನಲ್ಲಿ ನೀವು ಜಾರ್ತೀರಿ. ಕಾಗದದಲ್ಲಿ ಬರೆದು ಕಳಿಸಿ," ಎಂದೆ. ನಾನು ಎದೆ ಸೆಟೆಸಿ, "ನನ್ನದೆಂತ ಅಡ್ಡಿ ಇಲ್ಲ ಮಗಾ. ನಾನು ಹೊಸ ಕಾಲದವ. ಅಮ್ಮನನ್ನು ಒಪ್ಪಿಸ್ಲಿಕ್ಕೆ ಸ್ವಲ್ಪ ಸಮಯ ಕೊಡು," ಎಂದೆ. ಆ ಸ್ವಲ್ಪ ಸಮಯ ಬೇಸಗೆಯಿಂದ ಚೌತಿಯವರೆಗೆ ಬೆಳೆಯಿತು. ನೀನು ಫೋನ್ ಮಾಡಿದಾಗಲೆಲ್ಲ ಕೇಳಿದೆ; ನಾನು ಜಾರಿದೆ. ಅಮ್ಮನನ್ನು ಕೇಳಿದರೆ ಅವಳು, "ಅಪ್ಪ ಬರೀತಾರೆ," ಎಂದು ಫೋನನ್ನು ನನ್ನ ಕೈಗೇ ದಾಟಿಸಿದಳು.

ಮೊದಲು ಮನೆಯ ಸುದ್ದಿ. ಅಮ್ಮನ ಮಂಡಿನೋವು ಅಂದಿನ ಹಾಗೆಯೇ ಇದೆ. ಅದಿಲ್ಲದಿದ್ದರೆ ಮೇಯಲ್ಲಿ ಅವಳೂ ಬರುತ್ತಿದ್ದಳು, ನಾನು ಕದಿಯುತ್ತಿರಲಿಲ್ಲ. ನಿನ್ನೆ ಚೌತಿ ಆಯಿತು. ಮೋದಕ ಈ ಸಲ ಸ್ವಲ್ಪ ಬಿರಿದಿತ್ತು, ಆದರೂ ಗಣಪತಿ ಏನೂ ಹೇಳಲಿಲ್ಲ. ನಾನು ಮಾಡಿದ ಬಾಟಿಕ್ ಬಟ್ಟೆಯನ್ನು ಚಾವಡಿಯ ಗೋಡೆಗೆ ತೂಗುಹಾಕಿದ್ದೇನೆ. ಬಂದವರಿಗೆಲ್ಲ, "ಇದರ ಒಂದೊಂದು ಗೆರೆಯೂ ನನ್ನ ಕೈಯದ್ದು," ಎಂದು ಹೇಳುತ್ತೇನೆ. ಅಂಚು ಹೊಲಿಸಲು ಬಸ್‌ಸ್ಟ್ಯಾಂಡಿನ ಹತ್ತಿರದ ಟೈಲರ್ ಚೆನ್ನಯ್ಯನಲ್ಲಿಗೆ ಕೊಂಡುಹೋಗಿದ್ದೆ. ಅವನು ಕನ್ನಡಕ ಏರಿಸಿ ನೋಡಿದ.

"ಇದೆಂತ ಮಾಸ್ಟ್ರೇ, ಎಣ್ಣೆ ಬಿದ್ದದಾ?"

"ಅಲ್ಲ ಮಾರಾಯ. ಇದು ಕಲೆ."

"ನಾನೂ ಅದನ್ನೇ ಹೇಳಿದ್ದು, ಕಲೆ ಅಂತ. ಬಿಸಿನೀರಿಗೆ ಸ್ವಲ್ಪ ಸೋಡಾಪುಡಿ ಹಾಕಿ ನೋಡಿ, ಹೋಗ್ತದೆ."

ವಿಮರ್ಶಕರು ಎಲ್ಲ ಕಾಲದಲ್ಲೂ ಹೀಗೆಯೇ.

ಆ ದಿನ ನಿನಗೆ ನೆನಪಿರಬಹುದು. ನಿನ್ನ ವಿಶ್ವವಿದ್ಯಾಲಯದಲ್ಲಿ ನೀನು ಮಾಡುವ ಸಂಶೋಧನೆ ಬೇರುತೊಗಟೆಗಳ ಬಣ್ಣದ್ದು. ಅಪ್ಪನಿಗೆ ಬಣ್ಣ ಹಾಕಲು ಗೊತ್ತು, ಬಣ್ಣದ ಬಗ್ಗೆ ಗೊತ್ತಿಲ್ಲ ಎಂದು ನನ್ನನ್ನು ಇಬು ರತ್ನ ಅವರ ಜಗಲಿಗೆ ಕರೆದೊಯ್ದೆ. ಮೊಣಕಾಲೆತ್ತರದ ಒಲೆ, ಅದರ ಮೇಲೆ ಸಣ್ಣ ಬಾಣಲೆ, ಬಾಣಲೆಯಲ್ಲಿ ಜೇನುಗೂಡಿನ ವಾಸನೆಯ ಮೇಣ. ಕೂರಲು ಕೊಟ್ಟ ಮಣೆಯಲ್ಲಿ ಕುಳಿತಾಗ ನನ್ನ ಮೊಣಕಾಲುಗಳು ಕಿವಿಯ ಹತ್ತಿರ ಬಂದು ಏನೋ ಗುಟ್ಟು ಹೇಳಿದವು. ಇಬು ನನ್ನನ್ನು 'ಪಾಕ್' ಎಂದು ಕರೆದರು. ಅಲ್ಲಿ ಹಿರಿಯ ಹೆಂಗಸರನ್ನು ಇಬು, ಗಂಡಸರನ್ನು ಪಾಕ್ ಎಂದು ಕರೆಯುವುದಂತೆ, ಪಾಕ್‌ಗೆ ಅಪ್ಪ ಎಂಬ ಅರ್ಥವೂ ಉಂಟಂತೆ. ನನಗೆ ಸಕ್ಕರೆ ಪಾಕವೇ ಕಿವಿಗೆ ಬಿದ್ದಂತಾಯಿತು.

ಬಟ್ಟೆಗೆ ಅವರು ಪೆನ್ಸಿಲಿನಲ್ಲಿ ಬರೆದು ಕೊಟ್ಟದ್ದು ಅಲ್ಲಿಯ ಒಂದು ಹಳೆಯ ವಿನ್ಯಾಸ. ನಾಲ್ಕು ಮೊಟ್ಟೆಯಾಕಾರಗಳು ಮುಖಾಮುಖಿ ಮಾಡಿಕೊಂಡಿರುತ್ತವೆ. ನನ್ನ ಕಣ್ಣಿಗೆ ಅವು ಹೋಳು ಮಾಡಿಟ್ಟ ಅಡಿಕೆ. ಬಿಳಿಯಾಗಿ ಉಳಿಯಬೇಕಾದ್ದನ್ನು ಮೇಣದಿಂದ ಮುಚ್ಚುವುದು, ಆಮೇಲೆ ಬಣ್ಣಕ್ಕೆ ಅದ್ದುವುದು, ಕೊನೆಗೆ ಕುದಿನೀರಿನಲ್ಲಿ ಮೇಣ ಬಿಡಿಸುವುದು. ಮುಚ್ಚಿಟ್ಟದ್ದು ಕೊನೆಯಲ್ಲಿ ಬಯಲಾಗುವ ವಿದ್ಯೆ ಎಂದು ಆಗಲೇ ನನಗೆ ಒಂದು ಅನುಮಾನ ಬಂದಿತ್ತು.

ಗೆರೆಗಿಂತ ಮೊದಲು ಒಂದು ಕ್ರಮ ಇದೆ. ಚಾಂಟಿಂಗನ್ನು ಮೇಣಕ್ಕೆ ಅದ್ದಬೇಕು, ತುಟಿಯ ಹತ್ತಿರ ತಂದು ಮೂತಿಗೆ ಫೂ ಎಂದು ಊದಬೇಕು, ಆಮೇಲೆ ಎಳೆಯಬೇಕು. ಊದದಿದ್ದರೆ ಮೂತಿ ಕಟ್ಟುತ್ತದೆ. ಇಬು ಊದಿ ತೋರಿಸಿದರು. ಪಕ್ಕದಲ್ಲಿದ್ದ ಫ್ರಾನ್ಸಿನ ಹುಡುಗಿ ಊದಿದಳು. ನನಗೆ ಊದಲಾಗಲಿಲ್ಲ. ನಮ್ಮ ಮನೆಯ ಪಾಠ ನಿನಗೂ ಗೊತ್ತು: ದೀಪವನ್ನು ಬಾಯಿಯಿಂದ ಆರಿಸಬಾರದು, ಹೂವಿನಿಂದ ಆರಿಸಬೇಕು. ಕಾಫಿಯನ್ನು ಊದಬಾರದು, ಲೋಟದಿಂದ ಲೋಟಕ್ಕೆ ಎತ್ತಿ ಹೊಯ್ಯಬೇಕು. ನೀರನ್ನು ತುಟಿ ತಾಗಿಸದೆ ಎತ್ತಿ ಕುಡಿಯಬೇಕು. ಊದಿದರೆ ಎಂಜಲು. ಕಾಲೇಜಿನ ತರಗತಿಯಲ್ಲಿ ನಾನು ಇದನ್ನೆಲ್ಲ ತಮಾಷೆ ಮಾಡಿದವನೇ. ಆದರೆ ತಮಾಷೆ ಮಾಡಿದ್ದು ನಾಲಿಗೆ, ಊದಬೇಕಾದದ್ದು ತುಟಿ. ಎರಡೂ ಒಂದೇ ಬಾಯಿಯಲ್ಲಿದ್ದರೂ ಮಾತುಕತೆ ಇಲ್ಲ ಎಂದು ಕಾಣುತ್ತದೆ.

ಹಾಗಾಗಿ ಚಾಂಟಿಂಗನ್ನು ಕೊಡವಿದೆ, ಓರೆ ಮಾಡಿದೆ, ದ್ರವದ ಮೇಲ್ಮೈ ಸೆಳೆತದ ಬಗ್ಗೆ ಇಬುಗೆ ಇಂಗ್ಲಿಷಿನಲ್ಲಿ ಒಂದು ಸಣ್ಣ ಉಪನ್ಯಾಸವನ್ನೂ ಕೊಟ್ಟೆ. ಮೇಣ ಉಪನ್ಯಾಸ ಕೇಳಲಿಲ್ಲ. ಅಡಿಕೆ ಹೋಳುಗಳ ಮೇಲೆ ಬೊಟ್ಟು ಬೊಟ್ಟಾಗಿ ಬಿತ್ತು. ಇಬು, "ತಿಯುಪ್, ಪಾಕ್, ತಿಯುಪ್," ಎಂದು ಕೆನ್ನೆ ಉಬ್ಬಿಸಿ ಊದಿ ತೋರಿಸುತ್ತಲೇ ಇದ್ದರು. ಆಗ ನೀನು ಹಿತ್ತಿಲಿನಲ್ಲಿ ನೀಲಿಯ ತೊಟ್ಟಿಯ ಹತ್ತಿರ ಇದ್ದೆ. ಇಬುವಿನ ಮಗ ವಿಸ್ನು ಒಳಗಿನಿಂದ ಬಂದು ನನ್ನ ಪಕ್ಕದಲ್ಲಿ ಕುಳಿತ. ಚಾಂಟಿಂಗ್ ತೆಗೆದುಕೊಂಡು, ಅದ್ದಿ, ಊದಿ, ನನ್ನ ಕೈಗೆ ಕೊಟ್ಟ. ಗೆರೆ ಹರಿಯಿತು. ಆಮೇಲೆ ಪ್ರತಿ ಸಲವೂ ಅವನು ಸಿದ್ಧಮಾಡಿ ಕೊಡುವುದು, ನಾನು ಎಳೆಯುವುದು. ಹೀಗೆ ಸಂಜೆಯಾಯಿತು.

ಹುಡುಗನ ಹೆಸರು ವಿಸ್ನು, ಶುಕ್ರವಾರ ಮಧ್ಯಾಹ್ನ ಮಸೀದಿಗೆ ಹೋಗುವವನು. "ಇಲ್ಲಿ ಹಾಗೆ ಅಪ್ಪಾ, ಹೆಸರು ಹಳತು, ನಂಬಿಕೆ ಅವರವರದು," ಎಂದು ನೀನು ಹೇಳಿದೆ. ಊಟಕ್ಕೆ ಕೂತಾಗ ನಾನು ಗ್ಲಾಸನ್ನು ಎತ್ತಿ ನೀರು ಕುಡಿದದ್ದನ್ನು ನೋಡಿ ಅವನೂ ಹಾಗೆಯೇ ಕುಡಿಯಲು ಹೋದ. ನೀರು ಮೂಗಿಗೆ ಅರ್ಧ, ಅಂಗಿಗೆ ಅರ್ಧ. ನೀನು ಹೊಟ್ಟೆ ಹಿಡಿದುಕೊಂಡು ನಕ್ಕೆ. ಅವನು ಅಂಗಿ ಹಿಂಡಿ ಇನ್ನೊಮ್ಮೆ ಎತ್ತಿದ, ಇನ್ನೊಮ್ಮೆ ಒದ್ದೆಯಾದ. ನನ್ನ ಎಷ್ಟೋ ವರ್ಷದ ಹಾಸ್ಯಕ್ಕೆ ನೀನು ಅಷ್ಟು ನಕ್ಕದ್ದನ್ನು ನಾನು ಕಂಡಿಲ್ಲ. ಸ್ವಲ್ಪ ಹೊಟ್ಟೆಕಿಚ್ಚಾಯಿತು. ಹುಡುಗ ಒಂದು ಗ್ಲಾಸು ನೀರಿನಲ್ಲಿ ನನ್ನ ವೃತ್ತಿಯನ್ನೇ ಮುಳುಗಿಸಿಬಿಟ್ಟ.

ಇನ್ನು ಉತ್ತರ. ಜಾರದೆ ಬರೆಯುತ್ತೇನೆ. ಒಪ್ಪಿಗೆ ಇದೆ ಮಗಾ. ನನ್ನದು ಮೊದಲೇ ಇತ್ತು. ಅಮ್ಮನನ್ನು ಒಪ್ಪಿಸಲು ನನ್ನ ಬುದ್ಧಿಯನ್ನೆಲ್ಲ ಖರ್ಚು ಮಾಡಬೇಕಾಯಿತು, ಅದನ್ನು ನೀನು ಮುಂದೆ ನೆನಪಿಟ್ಟುಕೊಂಡರೆ ಸಾಕು. ನೆಂಟರಲ್ಲಿ ಕೆಲವರು ಮಾತಾಡುತ್ತಾರೆ. ಮಾತಾಡುವವರಿಗೆ ಗಂಟಲು ಒಣಗುತ್ತದೆ, ಚಹಾ ಕೊಡೋಣ. ಮದುವೆ ಅಲ್ಲೋ ಇಲ್ಲೋ, ಹೇಗೋ, ನೀವಿಬ್ಬರೂ ಯೋಚಿಸಿ ಹೇಳಿ. ಅದಕ್ಕೆ ಮೊದಲು ಅವನನ್ನು ಕರೆದುಕೊಂಡು ಬಾ. ಮಂಗಳೂರಿಗೆ ಬಂದು ಇಳಿದರೆ ಜೀಪು ಮಾಡಿಕೊಂಡು ನಾನೇ ಬರುತ್ತೇನೆ.

ಇಬು ರತ್ನ ಅವರಿಗೆ ನಮ್ಮಿಬ್ಬರ ನಮಸ್ಕಾರ ಹೇಳು. ಹೊತ್ತುಹೊತ್ತಿಗೆ ಉಣ್ಣು. ಕೈಯ ನೀಲಿ ಹೋಗದಿದ್ದರೂ ಚಿಂತೆ ಇಲ್ಲ, ಮುಖದ ನಗು ಹೋಗದಿರಲಿ.

ನಿನ್ನ,
ಅಪ್ಪ

ಮರೆತದ್ದು (ಮರೆತದ್ದಲ್ಲ): ಮೇಲಿನದನ್ನು ಬರೆದು ಮುಗಿಸುವಾಗ ಅಮ್ಮ ಬೆನ್ನ ಹಿಂದೆ ನಿಂತು ಪೂರ್ತಿ ಓದಿದಳು.

"ಚಂದ ಉಂಟು," ಎಂದಳು. "ಕರವಸ್ತ್ರದ ಸಂಗತಿ ಮಾತ್ರ ಇಲ್ಲ."

"ಅದು ಬೇಕಾ ದೇವಕಿ?"

"ನನ್ನನ್ನು ಒಪ್ಪಿಸಿದ ಕಥೆ ಬರೀಲಿಕ್ಕೆ ಜಾಗ ಇತ್ತಲ್ಲ ಮಾರಾಯ್ರೆ. ಇದಕ್ಕೂ ಇರಬಹುದು."

ಹಾಗಾಗಿ ಬರೆಯುತ್ತೇನೆ. ವಿಸ್ನು ಊದಿ ಕೊಟ್ಟ ಚಾಂಟಿಂಗನ್ನು ಮೊದಲ ಸಲ ಕೈಗೆ ತೆಗೆದುಕೊಂಡಾಗ ನಾನು ಯೋಚಿಸಲಿಲ್ಲ, ಕೈ ತಾನಾಗಿ ಕಿಸೆಗೆ ಹೋಯಿತು. ಕರವಸ್ತ್ರ ತೆಗೆದು ಅವನ ಬಾಯಿಯ ಹತ್ತಿರ ಹೋಗಿದ್ದ ಮೂತಿಯನ್ನು ಒರೆಸಿದೆ. ತಲೆಯೆತ್ತಿದಾಗ ಅವನು ನನ್ನನ್ನೇ ನೋಡುತ್ತಿದ್ದ. ಮುಂದಿನ ಸಲ ಅವನು ಅದ್ದಿದ, ಊದಿದ, ಆಮೇಲೆ ತನ್ನ ಅಂಗಿಯ ಅಂಚಿನಿಂದ ಮೂತಿಯನ್ನು ಒರೆಸಿ, ಹಿಡಿಯನ್ನು ನನ್ನ ಕಡೆ ತಿರುಗಿಸಿ ಕೊಟ್ಟ. ಸಂಜೆಯವರೆಗೂ ಹಾಗೆಯೇ ಕೊಟ್ಟ. ಒಮ್ಮೆಯೂ ಮರೆಯಲಿಲ್ಲ, ಒಮ್ಮೆಯೂ ಮುಖ ಸಣ್ಣ ಮಾಡಲಿಲ್ಲ. ನಾನು ತೆಗೆದುಕೊಳ್ಳುತ್ತಲೇ ಇದ್ದೆ.

ನಿನಗೆ ಅವನು ಹೇಳಿರಬೇಕು ಎಂದುಕೊಂಡೆ. ನೀನು ಫೋನ್ ಮಾಡಿದಾಗಲೆಲ್ಲ ನಿನ್ನ ದನಿಯಲ್ಲಿ ಅದನ್ನೇ ಹುಡುಕುತ್ತಿದ್ದೆ. ಸಿಗಲಿಲ್ಲ. ಅವನು ಹೇಳಲೇ ಇಲ್ಲ ಎಂದು ಕಾಣುತ್ತದೆ. ಅದು ತಿಳಿದ ಮೇಲೆ ಬರೆಯುವುದು ಇನ್ನೂ ಕಷ್ಟವಾಯಿತು. ಕದ್ದದ್ದು ಅದೇ ಚಾಂಟಿಂಗ್. ಅದು ಅಲ್ಲಿ ಅವನ ಕಣ್ಣೆದುರು ಇರುವುದು ಬೇಡ ಎಂದು ಆಗ ಅನಿಸಿತು.

ಅಮ್ಮನಿಗೆ ಗೊತ್ತಾದದ್ದು ಬಟ್ಟೆ ಒಗೆಯುವಾಗ. ಕರವಸ್ತ್ರಕ್ಕೆ ಹಿಡಿದ ಮೇಣ ಹೋಗಲಿಲ್ಲ. ಇದೆಂತ ಎಂದು ಕೇಳಿದಳು, ಹೇಳಿದೆ. ಅವಳು ಕರವಸ್ತ್ರವನ್ನು ಬಾಲ್ದಿಯಿಂದ ಎತ್ತಿ ಹಿಂಡುತ್ತಾ, "ಹುಡುಗ ಒರೆಸಿ ಕೊಟ್ಟನಾ?" ಎಂದಳು. ಹೌದೆಂದೆ. "ಹಾಗಾದ್ರೆ ನನ್ನನ್ನು ಕೇಳ್ಲಿಕ್ಕೆ ಎಂತ ಉಂಟು? ವಿಷ್ಣು ಅಂತ ಹೆಸರು, ಕರೀಲಿಕ್ಕೂ ಸುಲಭ. ನೀವು ಬರೀರಿ. ನಾನು ಹೇಳಿದ್ರೆ ನೀವು ತಪ್ಪಿಸಿಕೊಳ್ತೀರಿ." ಅದು ನಾನು ಊರು ಮುಟ್ಟಿದ ಮರುದಿನ. ನಾನು ಅವಳನ್ನು ಒಪ್ಪಿಸಲಿಲ್ಲ ಮಗಾ. ಇಷ್ಟು ದಿನ ಅವಳೇ ನನಗಾಗಿ ಕಾದಳು.

ನಿನ್ನೆ ಚೌತಿಯ ಪೂಜೆ ಮುಗಿದ ಮೇಲೆ ಒಗ್ಗರಣೆ ಸೌಟಿನಲ್ಲಿ ಮೋಂಬತ್ತಿಯ ತುಂಡು ಕರಗಿಸಿದೆ. ಚಾಂಟಿಂಗನ್ನು ಅದ್ದಿ, ಒರೆಸದೆ, ತುಟಿಯ ಹತ್ತಿರ ತಂದು ಊದಿದೆ. ಅಭ್ಯಾಸವಿಲ್ಲದವನು ಒಲೆ ಊದಿದ ಹಾಗೆ ಊದಿದ್ದರಿಂದ ಮೇಣ ಚಿಮ್ಮಿ ಕೆಳತುಟಿ ಸುಟ್ಟಿತು. ಅಮ್ಮ ಮಂಡಿ ಹಿಡಿದುಕೊಂಡು ನಕ್ಕಳು, ಆಮೇಲೆ ತುಪ್ಪ ಹಚ್ಚಿದಳು. ತುಟಿಗೆ ಎಂತಾಯಿತು ಎಂದು ಕೇಳಿದ ಚೆನ್ನಯ್ಯನಿಗೆ ಬಿಸಿ ಚಹಾ ತಾಗಿತು ಎಂದು ಹೇಳಿದ್ದೇನೆ.

ಇದನ್ನು ವಿಸ್ನುವಿಗೆ ಓದಿ ಹೇಳು. ಇಲ್ಲಿಗೆ ಬಂದಾಗ ಅವನು ನನಗೆ ಊದಲು ಕಲಿಸಬೇಕು, ಊದಿದ್ದನ್ನು ಹಾಗೆಯೇ ಕೊಡಬೇಕು. ಗೋಡೆಯ ಮೇಲಿನ ಬಟ್ಟೆಯ ಸಂಗತಿಯನ್ನೂ ಹೇಳು. ಅದರಲ್ಲಿ ನೆಟ್ಟಗಿರುವ ಗೆರೆಗಳೆಲ್ಲ ಅವನು ಊದಿ, ಒರೆಸಿ ಕೊಟ್ಟದ್ದರಿಂದ ಬಂದವು. ಚೆನ್ನಯ್ಯ ಸೋಡಾಪುಡಿ ಹಾಕಿ ತೆಗೆಯಲು ಹೇಳಿದನಲ್ಲ, ಆ ಬೊಟ್ಟುಗಳು ಮಾತ್ರ ಪೂರ್ತಿ ನನ್ನ ಕೈಯವು.