ಪೂರ್ವದ ಕಿಟಕಿ

ಫೆಬ್ರವರಿ 3, ಬೆಳಗ್ಗೆ 8.20
ಮೂರು ವಾಚು ಬಿಚ್ಚಿಟ್ಟಿದ್ದೇನೆ. ಬಿಸಿಲು ಅಂಗೈ ಅಗಲ ಮಾತ್ರ. ಅದರ ಹಿಂದೆಯೇ ಮೇಜು ಸರಿಸುತ್ತ ರಿಪೇರಿ. ಬೆಳಕಿನಲ್ಲಿ ಧೂಳು ತೇಲುತ್ತದೆ. ನೋಡುತ್ತ ಕೂತರೆ ಗಂಟೆ ಎಷ್ಟಾಯಿತೆಂದೇ ತಿಳಿಯುವುದಿಲ್ಲ. ವಾಚಿನವನಿಗೆ ಇದು ಶೋಭೆಯಲ್ಲ.
ನಮ್ಮಿಬ್ಬರ ಮನೆಗಳ ನಡುವಿನ ಅಂಗಳದಲ್ಲಿ ಅಕ್ಕ ಕಟ್ಟಿಸುತ್ತಿರುವ ಗೋಡೆ. ಇನ್ನೆರಡು ಸಾಲು ಇಟ್ಟಿಗೆ ಏರಿದರೆ ನನ್ನ ಪೂರ್ವದ ಕಿಟಕಿಗೆ ಕತ್ತಲೆ. ಕೇಸು ಹಾಕಿ ತಡೆಯಾಜ್ಞೆ ತಂದೆ. ಗೋಡೆ ನಿಂತಿತು, ಇದ್ದಬದ್ದ ಮಾತೂ ನಿಂತಿತು. ಏಳು ತಿಂಗಳು... ಆದರೂ ಅವಳು ಕೆಮ್ಮಿದರೆ ಕಿವಿ ನಿಮಿರುತ್ತದೆ.

ಫೆಬ್ರವರಿ 9
ಕೋರ್ಟ್ ಕಮಿಷನರ್ ಸ್ಥಳ ನೋಡಲು ಬಂದರು. ದಿಕ್ಸೂಚಿ ಹಿಡಿದು ನಕ್ಕರು. "ಏನ್ರೀ, ಇದು ಪಶ್ಚಿಮ!"
ನಂಬಲಿಲ್ಲ. ನಲವತ್ತು ವರ್ಷದಿಂದ ಬೆಳಗಿನ ಬಿಸಿಲು ಇಲ್ಲಿಂದಲೇ ಬಂದಿದೆ. ಅವರು ಬೆರಳು ತೋರಿಸಿದರು — ಗೋಡೆಯಾಚೆ ಅಕ್ಕನ ಮಹಡಿಯ ಕಿಟಕಿ. ಸೂರ್ಯ ಹುಟ್ಟುವುದು ನನ್ನ ಬೆನ್ನ ಹಿಂದೆಯಂತೆ. ಬಿಸಿಲು ಅವಳ ಗಾಜಿಗೆ ಬಿದ್ದು, ಪ್ರತಿಫಲಿಸಿ ನನ್ನ ಮೇಜಿಗೆ.
ದಿನವಿಡೀ ಮನೆ ಮೆಲ್ಲಗೆ ತಿರುಗುತ್ತಲೇ ಇತ್ತು. ಬಾಗಿಲು ಹುಡುಕಿ ನಡೆದೆ.

ಫೆಬ್ರವರಿ 11
ಲಾಯರ್ ತಲೆ ಚಚ್ಚಿಕೊಂಡರು. ದಾವೆಯ ತುಂಬ ಪೂರ್ವದ ಕಿಟಕಿ. ಪೂರ್ವಕ್ಕೆ ನನಗೆ ಕಿಟಕಿಯೇ ಇಲ್ಲ!
"ಹೀಗೇ ಬಿಟ್ರೆ ಕೇಸ್ ಬಿದ್ದೋಗುತ್ತೆ. ವಾಪಸ್ ತಗೊಳ್ಳೋಣ. ಸುಮ್ನೆ ಅಲ್ಲ, ಮತ್ತೆ ಹಾಕೋ ಹಕ್ಕು ಉಳಿಸ್ಕೊಂಡು. ಜಡ್ಜ್ ಅನುಮತಿ ಕೊಡ್ಬೇಕು."
"ತಡೆಯಾಜ್ಞೆ?"
"ಅದೂ ಹೋಗುತ್ತೆ. ಮತ್ತೆ ಹಾಕೋ ಹೊತ್ತಿಗೆ ನಿಮ್ಮಕ್ಕ ಗೋಡೆ ಮುಗಿಸಿದ್ರೂ ಮುಗಿಸ್ಬಹುದು."
ಭಯವಾಯಿತು. ಸಹಿ ಹಾಕಿದೆ.

ಫೆಬ್ರವರಿ 20
ಅನುಮತಿ ಸಿಕ್ಕಿತು. ಕೋರ್ಟಿನ ಮೆಟ್ಟಿಲ ಮೇಲೆ ಅಕ್ಕ.
"ಮತ್ತೆ ಹಾಕ್ತೀಯೇನೋ?"
"ಹಕ್ಕಿದೆ."
"ಹಕ್ಕಿರೋದು ನಂಗೂ ಕೇಳಿಸ್ತು. ಹಾಕ್ತೀಯಾ ಅಂತ ಕೇಳಿದ್ದು."
ಅವಳೇ ಮುಂದುವರಿಸಿದಳು. "ದಿನಾ ನನ್ನ ಕಿಟಕಿಗೇ ಮುಖ ಮಾಡ್ಕೊಂಡು ಕೂತಿರ್ತೀಯ. ಒಂದಿನ ತಲೆ ಎತ್ತಿ ಅಕ್ಕಾ ಅಂದಿದ್ದೀಯಾ? ನಿಮ್ ಭಾವ ಹೋದ್ಮೇಲೂ ಇಲ್ಲ. ಆ ಬೋಳು ತಲೆ ನೋಡಿ ನೋಡಿ ಸಾಕಾಯ್ತು. ಅದಕ್ಕೇ ಕಟ್ಟಿಸ್ದೆ."

ಫೆಬ್ರವರಿ 24
ಲಾಯರ್ ಫೋನ್. ಹೊಸ ದಾವೆ ರೆಡಿ, ಪಶ್ಚಿಮ ಅಂತಲೇ ಬರೆದಿದ್ದಾರಂತೆ. ಹೋಗಲಿಲ್ಲ. ಸಂಜೆ ಅಕ್ಕನ ಬಾಗಿಲಿಗೆ ಹೋದೆ.
"ಹಾಕಲ್ಲ."
"ಗೋಡೆ ಮುಗಿಸಿದ್ರೂ?"
"ಮುಗಿಸಿದ್ರೂ."
ಒಳಗೆ ಕರೆಯಲಿಲ್ಲ. ನಾಳೆ ಮೇಸ್ತ್ರಿ ಬರ್ತಾನೆ ಎಂದಷ್ಟೇ ಹೇಳಿ ಬಾಗಿಲು ಹಾಕಿಕೊಂಡಳು.

ಫೆಬ್ರವರಿ 25, ಬೆಳಗ್ಗೆ
ಮೇಸ್ತ್ರಿ ಗೋಡೆ ಏರಿದ. ಕೆಲಸಕ್ಕೆ ಕೈ ಏಳುತ್ತಿಲ್ಲ, ಸುಮ್ಮನೆ ಬರೆಯುತ್ತಿದ್ದೇನೆ... ಮೇಲಿನ ಇಟ್ಟಿಗೆ ಕಿತ್ತ. ಇನ್ನೊಂದು. ಮತ್ತೊಂದು. ಒಂದು ಸಾಲು ಪೂರ್ತಿ ಇಳಿಸಿದ! ಮೇಜಿನ ತುಂಬ ಬಿಸಿಲು, ವಾಚಿನ ಚಕ್ರಗಳೆಲ್ಲ ತೇಲಿದಂತೆ... ಗಾಜಿನ ಹಿಂದೆ ಅವಳೇ. ಅಕ್ಕಾ ಎಂದು ಕೂಗಿಬಿಟ್ಟೆ. ಕಿಟಕಿ ತೆಗೆದು ಏನೋ ಹೇಳುತ್ತಿದ್ದಾಳೆ. ಸರಿಯಾಗಿ ಕೇಳಿಸುತ್ತಿಲ್ಲ, ಹೋಗಿ ಕೇಳಿ...